ಎದ್ರಾ

ಕವಾಲಾದ ಬಂದರಿನಿಂದ ಮೇಲೇರುವ ಮೆಟ್ಟಿಲ ಓಣಿಯಲ್ಲಿ
ಅರ್ಗಿರಿಸ್ ಜೊಂಡುಹುಲ್ಲು ನೆನೆಸಿ ಕುರ್ಚಿ ಹೆಣೆಯುತ್ತಾನೆ.
ಐವತ್ತೊಂದು ವರ್ಷ.
ಅರ್ಧ ಊರಿನ ಭಾರ ಅವನ ಬೆರಳಿಗೆ ಗೊತ್ತು:
ಯಾರು ಎಡಕ್ಕೆ ವಾಲಿ ಕೂರುತ್ತಾರೆ,
ಯಾರು ತುದಿಯಲ್ಲಿ, ಎದ್ದುಹೋಗುವ ಅವಸರದಲ್ಲಿ,
ಹರಿದ ಹೆಣಿಗೆ ನೋಡಿಯೇ ಹೇಳುತ್ತಾನೆ.

ಇವತ್ತು ಎವಾಂಥಿಯಾ ಬಂದಿದ್ದಾಳೆ,
ರೇಖಾಗಣಿತದ ಮೇಡಂ, ನಿವೃತ್ತಿಯಾಗಿ ಆರು ವರ್ಷ.
ಬಲಗೈಯಲ್ಲಿ ತೂತುಬಿದ್ದ ಕುರ್ಚಿ,
ಎಡಗೈಯ ಚೀಲದಲ್ಲಿ ಮೂಲೆ ಮುರಿದ ರಟ್ಟಿನ ಆಕೃತಿಗಳು.
"ಶಾಲೆಯವರು ಎಸೆಯುತ್ತಿದ್ದರು, ಎತ್ತಿಕೊಂಡು ಬಂದೆ."

"ಇದೇನು?"
"ತೆತ್ರಾಎದ್ರೊ."
"ಇದು?"
"ಒಕ್ತಾಎದ್ರೊ. ಅದು ದೋದೆಕಾಎದ್ರೊ. ಒದ್ದೆ ಕೈ ಹಚ್ಚಬೇಡ."
"ಎಲ್ಲಕ್ಕೂ ಒಂದೇ ಬಾಲ."
"ಬಾಲವಲ್ಲ, ಅರ್ಗಿರಿ. ಎದ್ರಾ. ಕೂರುವ ಜಾಗ.
ನಾಲ್ಕು ಜಾಗ ಇದಕ್ಕೆ, ಎಂಟು ಅದಕ್ಕೆ.
ಹೇಗೆ ಎಸೆದರೂ ಒಂದರ ಮೇಲೆ ಕೂತೇ ಕೂರುತ್ತದೆ."
ಅವನು ಎಸೆದು ನೋಡಿದ. ಕೂತಿತು.
"ಹಾಗಾದರೆ ಇಷ್ಟು ವರ್ಷ ನಾನು ಮಾಡಿದ್ದು ಗಣಿತವೇ!"

ಸರದಿ ಕಾಯುತ್ತ ಹೊಸ್ತಿಲಲ್ಲಿದ್ದ ನನ್ನ ಕನ್ನಡದ ಕಿವಿಗೆ
ಬೇರೆಯೇ ಕೇಳಿಸಿತು. ಎದ್ರಾ?
ಬೆಳಗಿನ ಮೊದಲ ಪ್ರಶ್ನೆ, ಅಡುಗೆಮನೆಯಿಂದ.
ಇವರು ಕೂರಿಸುವ ಶಬ್ದ ನಮ್ಮಲ್ಲಿ ಎಬ್ಬಿಸುತ್ತದೆ.
ಆ ಜಾಗಕ್ಕೆ ನಾವು ಮುಖ ಎಂದೆವು;
ಘನ ನಮಗೆ ಷಣ್ಮುಖ, ಆರು ಕಡೆಯಿಂದಲೂ ನೋಡುವವನು.
ಇವರ ಘನ ಯಾರನ್ನೂ ನೋಡುವುದಿಲ್ಲ,
ದಣಿದ ಕೂಲಿಯಂತೆ ಸುಮ್ಮನೆ ಕುಳಿತಿರುತ್ತದೆ.

ಎವಾಂಥಿಯಾ ಪಾಠ ಬಿಟ್ಟು ಆರು ವರ್ಷವಾದರೂ
ಪಾಠ ಅವಳನ್ನು ಬಿಟ್ಟಿಲ್ಲ.
ಮೇಷ್ಟರ ಮೇಜು ಎದ್ರಾ. ಸಂಸತ್ತಿನ ಸ್ಥಾನ ಎದ್ರಾ,
ನನ್ನ ಷಡ್ಡಕ ಕಳೆದುಕೊಂಡನಲ್ಲ, ಅದೇ.
ಫುಟ್‌ಬಾಲಿನಲ್ಲಿ ನಮ್ಮೂರ ಮೈದಾನವೂ ಎದ್ರಾ,
ಅಲ್ಲಿ ಸೋತರೆ ನಾಚಿಕೆ ಹೆಚ್ಚು.
ಜೊತೆಗೆ ಕೂತರೆ ಸಿನೆದ್ರಿಯೊ, ಸಭೆ.
ಮುಂದೆ ಕೂತವನು ಪ್ರೊಎದ್ರೊಸ್, ಅಧ್ಯಕ್ಷ.
ಒಳಗೊಳಗೇ ಕೂತರೆ ಎನೆದ್ರಾ, ಹೊಂಚು.
"ಡಾಕ್ಟರೂ ಈ ಪದ ಹೇಳಿದ ಮೊನ್ನೆ," ಎಂದ ಅರ್ಗಿರಿಸ್,
"ಎಲ್ಲಿ ನೋವು ಎಂದು ನಾನು ತೋರಿಸಿದಾಗ."
ಅವಳು ನಗಲಿಲ್ಲ. ಆಮೇಲೆ ತಡೆಯಲಾರದೆ
ಮೆಟ್ಟಿಲ ಬೆಕ್ಕು ಓಡುವಷ್ಟು ನಕ್ಕಳು.

"ಮತ್ತೆ ಕುರ್ಚಿ?"
ಕುರ್ಚಿಯ ಕಥೆ ಬೇರೆ. ಅದೂ ಇದೇ ಮನೆಯ ಮಗಳು;
ವೆನಿಸ್ಸಿಗೆ ಹೋಗಿ, ಹೆಸರು ತಿರುಚಿಕೊಂಡು,
ಕರೆಕ್ಲಾ ಎಂದು ಮರಳಿ ಬಂದಳು.
ತಾಯಿಗೇ ಗುರುತು ಸಿಗಲಿಲ್ಲ.

ಆಗ ಅರ್ಗಿರಿಸನ ಮೊಮ್ಮಗ, ಎಂಟರ ಪೋರ ಸ್ತ್ರಾತೊಸ್,
ಕಂಕುಳಲ್ಲಿದ್ದ ಚೆಂಡು ಮುಂದಿಟ್ಟ: "ಇದಕ್ಕೆಷ್ಟು?"
ಮೇಡಂ ಬಾಯಿ ತೆರೆದಳು, ಮುಚ್ಚಿದಳು.
"ಆ ಬಾಲ ಇದಕ್ಕೆ ಹತ್ತುವುದಿಲ್ಲ, ಮರಿ.
ಸಪಾಟು ಜಾಗ ಒಂದೂ ಇಲ್ಲ."
ಅಷ್ಟರಲ್ಲಿ ಚೆಂಡು ಹೊಸ್ತಿಲು ದಾಟಿತ್ತು.
ಮೆಟ್ಟಿಲಿಂದ ಮೆಟ್ಟಿಲಿಗೆ, ಬಂದರಿನ ಕಡೆಗೆ,
ಹಿಂದೆ ಹುಡುಗ, ಹಿಂದೆ ಅಜ್ಜನ ಬೈಗಳು.

"ನನ್ನ ಅಜ್ಜಿ," ಎಂದ ಅರ್ಗಿರಿಸ್, ಹುಲ್ಲು ಹಿಂಡುತ್ತ,
"ಆಚೆ ದಡದಿಂದ ಹಡಗಲ್ಲಿ ಬಂದವಳು.
ತಂಬಾಕು ಗೋದಾಮಿನಲ್ಲಿ ಚಳಿಗಾಲ ಪೂರ್ತಿ
ನಿಂತೇ ಇದ್ದಳಂತೆ. ಕೂತರೆ
ಇದೇ ಊರಾಗಿಬಿಡುತ್ತದೆ ಎಂಬ ಭಯ."
ಅವಳು ಕೊನೆಗೆ ಕೂತದ್ದು ಯಾವುದರ ಮೇಲೆ,
ಅವನು ಹೇಳಲಿಲ್ಲ, ಯಾರೂ ಕೇಳಲಿಲ್ಲ.
ಹುಲ್ಲಿನಿಂದ ನೀರು ತೊಟ್ಟಿಕ್ಕುತ್ತಿತ್ತು.

ಪ್ರತ್ಯಯ ಎಂದರೆ ನಂಬಿಕೆ ಎಂದೂ ಅರ್ಥವಿದೆ ನಮ್ಮಲ್ಲಿ.
ಪದದ ಕೊನೆಗೆ ಬಂದು ಕೂರುವುದಕ್ಕೆ
ಆ ಹೆಸರಿಟ್ಟವರು ಯಾರೋ,
ಬಹಳ ನಡೆದು ದಣಿದವರಿರಬೇಕು.

ಸಂಜೆಗೆ ಹೆಣಿಗೆ ಮುಗಿಯಿತು, ಹಸಿಹಸಿ, ಹುಲ್ಲಿನ ವಾಸನೆ.
"ನಾಳೆವರೆಗೆ ಕೂರಬೇಡ," ಎಂದು ಚೀಟಿ ಬರೆದ.
ಯಾವಾಗಲೂ ಬರೆಯುತ್ತಿದ್ದುದು: ಕುರ್ಚಿ ದುರಸ್ತಿ.
ಇವತ್ತು ಪೆನ್ನಿನ ತುದಿ ನೆಕ್ಕಿ, ದೊಡ್ಡ ಅಕ್ಷರದಲ್ಲಿ:
ಎದ್ರಾ, ಒಂದು. ಹದಿನೆಂಟು ಯೂರೊ.
ಅವಳು ಕನ್ನಡಕ ಏರಿಸಿ ಓದಿದಳು,
ಕಾಗುಣಿತ ತಿದ್ದಿದಳು,
ಇಪ್ಪತ್ತು ಕೊಟ್ಟು ಚಿಲ್ಲರೆಗೆ ಕಾದಳು.